ವಾಯಿದೆಗೆ ಹೋಗಲಿಲ್ಲವೆಂದು ಅಮ್ಮನ ದಾವೆ ವಜಾ ಆಗಿದೆ: ಹೊಸ ಕೇಸು ಹಾಕಬೇಕಾ, ಹಳೆಯದನ್ನೇ ಎಬ್ಬಿಸಬೇಕಾ?

ಹಿತ್ತಲಗಿಡ
ಸೋಮವಾರ, ರಾತ್ರಿ 9:40

ಎಲ್ಲರಿಗೂ ನಮಸ್ಕಾರ. ಕೋರ್ಟಿನ ವ್ಯವಹಾರ ಗೊತ್ತಿರುವವರು ದಯವಿಟ್ಟು ಪೂರ್ತಿ ಓದಿ ಉತ್ತರ ಕೊಡಿ.

ಮನೆ ಹಿಂದಿನ ಜಾಗದ ಗಡಿ ತಕರಾರು. ಅಮ್ಮ ವಾದಿ, ಪಕ್ಕದ ಮನೆಯವರು ಪ್ರತಿವಾದಿ. ಹಕ್ಕು ಘೋಷಣೆ, ಜೊತೆಗೆ ಶಾಶ್ವತ ಪ್ರತಿಬಂಧಕಾಜ್ಞೆ ಕೇಳಿ ದಾವೆ ಹಾಕಿ ಐದು ವರ್ಷವಾಯಿತು. ತಾತ್ಕಾಲಿಕ ತಡೆಯಾಜ್ಞೆ ಸಿಕ್ಕಿತ್ತು, ಅದೇ ಧೈರ್ಯದಲ್ಲಿ ಇದ್ದೆವು. ಹೋದ ವಾರ ಪಕ್ಕದವರು ಇದ್ದಕ್ಕಿದ್ದಂತೆ ಪಾಯ ತೋಡೋಕೆ ಶುರು ಮಾಡಿದರು. ‘ಸ್ಟೇ ಇದೆಯಲ್ಲ’ ಅಂತ ಅಮ್ಮ ಕೇಳಿದ್ದಕ್ಕೆ, ‘ಯಾವ ಸ್ಟೇ? ನಿಮ್ಮ ಕೇಸೇ ಬಿದ್ದುಹೋಗಿದೆ, ಹೋಗಿ ನೋಡ್ಕೊಳ್ಳಿ’ ಅಂದರಂತೆ.

ಇ-ಕೋರ್ಟ್ಸ್ ಆಪ್‌ನಲ್ಲಿ ನಂಬರ್ ಹಾಕಿ ನೋಡಿದೆ. ನಿಜ. ಇವತ್ತಿಗೆ 74 ದಿನದ ಹಿಂದೆ ಗೈರುಹಾಜರಿಗಾಗಿ ವಜಾ ಅಂತ ತೋರಿಸ್ತಿದೆ. ನಮಗೆ ಯಾರೂ ಒಂದು ಮಾತು ಹೇಳಿಲ್ಲ. ವಕೀಲರಿಗೆ ಫೋನ್ ಮಾಡಿದರೆ, ‘ತಲೆ ಕೆಡಿಸ್ಕೋಬೇಡಿ, ಇದು ಮೆರಿಟ್ ಮೇಲೆ, ಅಂದರೆ ಯಾರ ವಾದ ಸರಿ ಅಂತ ನೋಡಿ, ಬಂದ ತೀರ್ಪಲ್ಲ. ಹೊಸದಾಗಿ ದಾವೆ ಹಾಕೋಣ, ಕೋರ್ಟ್ ಫೀ ಹೊಂದಿಸಿಕೊಳ್ಳಿ’ ಅಂದರು. ಅಮ್ಮನಿಗೆ ಎಪ್ಪತ್ತು ದಾಟಿದೆ. ಪಾಟೀಸವಾಲು ಮುಗಿಸಿಕೊಂಡು ಬಂದ ದಿನ ‘ಇನ್ನು ನಾನು ಕಟಕಟೆ ಹತ್ತೋದು ಬೇಡವಲ್ಲ’ ಅಂತ ನಿಟ್ಟುಸಿರು ಬಿಟ್ಟಿದ್ದರು. ಈಗ ಮತ್ತೆ ಮೊದಲಿಂದ ಅಂದರೆ ಹೇಗೆ ಹೇಳಲಿ? ವಕೀಲರು ಹೇಳಿದ್ದು ಸರಿಯಾ?


ಸುಮ್ಮನೆ ಓದುಗ
ಸೋಮವಾರ, ರಾತ್ರಿ 9:52

ಆರ್ಡರ್ ಶೀಟ್, ಅಂದರೆ ಪ್ರತಿ ವಾಯಿದೆಯಲ್ಲಿ ಏನಾಯ್ತು ಅಂತ ಕೋರ್ಟು ಬರೆದಿಡೋ ಹಾಳೆ, ನೋಡಿದ್ರಾ? ಅದನ್ನು ನೋಡೋವರೆಗೂ ಯಾರ ಮಾತನ್ನೂ ಕೇಳಬೇಡಿ. ನಂದೂ ಸೇರಿಸಿ.


ಹಳೇ ಬೆಂಚ್ ಕ್ಲರ್ಕ್
ಸೋಮವಾರ, ರಾತ್ರಿ 10:30

ಮೇಲಿನವರು ಒಂದೇ ಸಾಲಿನಲ್ಲಿ ಹೇಳಿದ್ದು ಸರಿ. ನಾನು ಸ್ವಲ್ಪ ಬಿಡಿಸಿ ಹೇಳ್ತೀನಿ. ಬೆಂಚ್ ಕ್ಲರ್ಕ್ ಆಗಿ ಬಹಳ ವರ್ಷ ಕೂತಿದ್ದವನು, ಈಗ ನಿವೃತ್ತ.

ಬೆಳಗ್ಗೆ ಕೇಸು ಕೂಗುತ್ತಾರೆ. ಯಾರೂ ‘ಹಾಜರ್’ ಅನ್ನದಿದ್ದರೆ ಸಾಮಾನ್ಯವಾಗಿ ಪಕ್ಕಕ್ಕಿಟ್ಟು ಆಮೇಲೆ ಇನ್ನೊಮ್ಮೆ ಕೂಗಿಸ್ತಾರೆ, ಕೆಲವು ಸಾಹೇಬರು ಸಂಜೆವರೆಗೂ ಕಾಯ್ತಾರೆ. ಆಗಲೂ ಯಾರೂ ಬರದಿದ್ದರೆ ಆರ್ಡರ್ ಶೀಟ್‌ನಲ್ಲಿ ಎರಡು ಮೂರು ಸಾಲು ಬೀಳುತ್ತೆ. ಆ ಎರಡು ಮೂರು ಸಾಲಿನಲ್ಲಿ ನಿಮ್ಮ ಅಮ್ಮನ ಹಣೆಬರಹ ಇದೆ.

‘ವಾದಿ ಗೈರು, ಪ್ರತಿವಾದಿ ಗೈರು’ ಅಂತ ಇದ್ದರೆ ಅದು ಸಿವಿಲ್ ಪ್ರಕ್ರಿಯಾ ಸಂಹಿತೆ 1908ರ 9ನೇ ಆದೇಶದ 3ನೇ ನಿಯಮ. ಅದಕ್ಕೆ 4ನೇ ನಿಯಮದಲ್ಲಿ ಎರಡು ದಾರಿ: ವಜಾ ರದ್ದು ಮಾಡಿ ಅಂತ ಅರ್ಜಿ ಹಾಕಬಹುದು, ಇಲ್ಲವೇ ಕಾಲಮಿತಿ ಉಳಿದಿದ್ದರೆ ಹೊಸ ದಾವೆಯನ್ನೇ ಹಾಕಬಹುದು. ‘ವಾದಿ ಗೈರು, ಪ್ರತಿವಾದಿ ಪರ ವಕೀಲರು ಹಾಜರು’ ಅಂತ ಇದ್ದರೆ ಅದು 8ನೇ ನಿಯಮ. ಆಗ 9ನೇ ನಿಯಮ ಬಾಗಿಲು ಹಾಕುತ್ತೆ. ಅದೇ ವ್ಯಾಜ್ಯ ಕಾರಣದ ಮೇಲೆ ಹೊಸ ದಾವೆ ಹಾಕೋಕೆ ಬರೋದೇ ಇಲ್ಲ. ಹಳೆಯದನ್ನು ಎಬ್ಬಿಸುವುದೊಂದೇ ದಾರಿ.

ಅಂದರೆ ಆ ದಿನ ಎದುರು ವಕೀಲರು ಎದ್ದುನಿಂತು ‘ಪ್ರತಿವಾದಿ ಪರ’ ಅಂದರೋ ಇಲ್ಲವೋ ಅನ್ನುವುದರ ಮೇಲೆ ನಿಮ್ಮ ವಕೀಲರ ಸಲಹೆ ಸರಿಯೋ ತಪ್ಪೋ ನಿಂತಿದೆ. ನಾಳೆಯೇ ಕಾಪಿ ಅರ್ಜಿ ಹಾಕಿ. ಕೊನೆಯ ದಿನದ್ದು ಮಾತ್ರ ಸಾಲದು, ಅದರ ಹಿಂದಿನ ನಾಲ್ಕೈದು ವಾಯಿದೆಯದ್ದೂ ತೆಗೆಸಿ. ಯಾಕೆ ಅಂತ ಆಮೇಲೆ ಹೇಳ್ತೀನಿ.


ನೇರ ಮಾತು
ಸೋಮವಾರ, ರಾತ್ರಿ 10:41

ಇದರಲ್ಲಿ ಯೋಚನೆ ಮಾಡೋದು ಏನಿದೆ? ವಕೀಲ ಮಲಗಿದ್ದಾನೆ. ಎದುರು ಪಾರ್ಟಿ ಜೊತೆ ಶಾಮೀಲಾಗಿದ್ದರೂ ಆಶ್ಚರ್ಯ ಇಲ್ಲ. ಬಾರ್ ಕೌನ್ಸಿಲ್‌ಗೆ ದೂರು ಕೊಡಿ, ಗ್ರಾಹಕರ ಕೋರ್ಟಿಗೂ ಎಳೀರಿ.


ಕರಿಕೋಟು
ಸೋಮವಾರ, ರಾತ್ರಿ 11:15

ಹಿತ್ತಲಗಿಡ ಮೇಡಂ, ನಾನು ಸಿವಿಲ್ ಪ್ರಾಕ್ಟೀಸ್ ಮಾಡುವ ವಕೀಲೆ. ಕ್ಲರ್ಕ್ ಸಾರ್ ಹೇಳಿದ್ದಕ್ಕೆ ಇನ್ನೊಂದು ಸೇರಿಸಬೇಕು, ಅದೇ ಈಗ ತುರ್ತು.

ಪುನರ್‌ಸ್ಥಾಪನೆ ಅರ್ಜಿಗೆ, ಕೋರ್ಟಿನ ಭಾಷೆಯಲ್ಲಿ ರೆಸ್ಟೋರೇಷನ್‌ಗೆ, 1963ರ ಲಿಮಿಟೇಷನ್ ಆಕ್ಟ್‌ನ ಅನುಚ್ಛೇದ 122ರ ಪ್ರಕಾರ 30 ದಿನ. ಎಲ್ಲಿಂದ ಲೆಕ್ಕ? ವಜಾ ಆದ ದಿನದಿಂದ. ನಿಮಗೆ ಗೊತ್ತಾದ ದಿನದಿಂದ ಅಲ್ಲ. ಇಲ್ಲಿ ಬಹಳ ಜನ ಎಡವುತ್ತಾರೆ. ನಿಮ್ಮದು 74 ದಿನ ಅಂದರೆ ಈಗಾಗಲೇ 44 ದಿನ ತಡ. ಹಾಗಂತ ಮುಗಿದುಹೋಯಿತು ಅಂತಲ್ಲ. ಅದೇ ಕಾಯ್ದೆಯ 5ನೇ ಕಲಂ ಅಡಿ ವಿಳಂಬ ಮನ್ನಿಸಿ ಅಂತ ಇನ್ನೊಂದು ಅರ್ಜಿ ಜೊತೆಗೇ ಹಾಕಬೇಕು. ಎರಡಕ್ಕೂ ಬೇರೆ ಬೇರೆ ಕಾರಣ ಬೇಕು ಅನ್ನೋದು ನೆನಪಿರಲಿ: ಆ ದಿನ ಯಾಕೆ ಬರಲಿಲ್ಲ ಅನ್ನುವುದು ಒಂದು, ಆಮೇಲೆ ಇಷ್ಟು ದಿನ ಯಾಕೆ ಸುಮ್ಮನಿದ್ದಿರಿ ಅನ್ನುವುದು ಇನ್ನೊಂದು. ಒಂದೇ ಅಫಿಡವಿಟ್‌ನಲ್ಲಿ ಎರಡನ್ನೂ ಕಲಸಿ ಎರಡೂ ಕೆಟ್ಟಿದ್ದನ್ನು ನೋಡಿದ್ದೇನೆ.

ಹೊಸ ದಾವೆಯ ಸಲಹೆ ನನಗೆ ಹಿಡಿಸಲಿಲ್ಲ. 8ನೇ ನಿಯಮ ಆಗಿದ್ದರೆ ಅದು ನಿಲ್ಲುವುದೇ ಇಲ್ಲ. 3ನೇ ನಿಯಮ ಆಗಿದ್ದರೂ ಹಕ್ಕು ಘೋಷಣೆಗೆ ಅನುಚ್ಛೇದ 58ರಲ್ಲಿ ಮೂರೇ ವರ್ಷ. ನಿಮ್ಮ ತಕರಾರು ಶುರುವಾಗಿ ಐದು ವರ್ಷದ ಮೇಲಾಯಿತು, ಎದುರಿನವರು ಮೊದಲ ದಿನವೇ ಕಾಲಮಿತಿ ಮೀರಿದೆ ಅಂತ ಎದ್ದು ನಿಲ್ಲುತ್ತಾರೆ. ಹೊಸ ದಾವೆ ಟೈಪ್ ಮಾಡಿಸ್ತಾ ಕೂತರೆ ಅಷ್ಟು ದಿನವೂ ರೆಸ್ಟೋರೇಷನ್‌ನ ವಿಳಂಬಕ್ಕೆ ಸೇರುತ್ತಾ ಹೋಗುತ್ತೆ.

ನೇರ ಮಾತು ಅವರೇ, ವಕೀಲರನ್ನು ಗ್ರಾಹಕರ ಕೋರ್ಟಿಗೆ ಎಳೆಯುವುದು ಆಗಲ್ಲ. ವಕೀಲರ ಸೇವೆ ಗ್ರಾಹಕ ಸಂರಕ್ಷಣಾ ಕಾಯ್ದೆಯೊಳಗೆ ಬರುವುದಿಲ್ಲ ಅಂತ 2024ರ ಮೇನಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ಬಾರ್ ಕೌನ್ಸಿಲ್ ದಾರಿ ಇದೆ, 1961ರ ಅಡ್ವೊಕೇಟ್ಸ್ ಆಕ್ಟ್‌ನ 35ನೇ ಕಲಂ. ಆದರೆ ಇವತ್ತು ಅದನ್ನು ಮಾಡಿದರೆ ನಾಳೆ ಅಫಿಡವಿಟ್ ಕೊಡಿ ಅಂತ ಅದೇ ವಕೀಲರ ಮುಂದೆ ಹೋಗಿ ನಿಲ್ಲಬೇಕಾಗುತ್ತೆ.


ನೇರ ಮಾತು
ಸೋಮವಾರ, ರಾತ್ರಿ 11:22

ಕರಿಕೋಟು ಕರಿಕೋಟನ್ನೇ ಕಾಯೋದು. ಹೊಸದೇನಿಲ್ಲ.


ಗಾಳಿಪಟ
ಮಂಗಳವಾರ, ಬೆಳಗ್ಗೆ 7:05

ನಮ್ಮದು ಇದರ ಉಲ್ಟಾ ಕಥಿ ನೋಡ್ರಿ. ನಮ್ಮ ಕಾಕಾ ಪ್ರತಿವಾದಿ ಇದ್ರು. ಸಮನ್ಸ್ ಹಳೇ ವಿಳಾಸಕ್ಕ ಹೋಗಿತ್ತು, ಅವ್ರು ಆ ಮನಿ ಬಿಟ್ಟು ಎಷ್ಟೋ ವರ್ಷ ಆಗಿತ್ತು. ಬಾಗಿಲಿಗೆ ಅಂಟಿಸಿ ‘ಜಾರಿ ಆಗೇದ’ ಅಂತ ಬರದಬಿಟ್ರು. ಅವ್ರು ಇಲ್ಲದs ಏಕಪಕ್ಷೀಯವಾಗಿ ಎಕ್ಸ್‌ಪಾರ್ಟೆ ಡಿಕ್ರೀ ಆತು. ಅಮೀನ ಬಂದು ಮನಿ ಮುಂದ ನಿಂತಾಗ ಗೊತ್ತಾಗಿದ್ದು. ಆದ್ರ ನಮ್ಮ ವಕೀಲ್ರು ಹೇಳಿದ್ದು, ಸಮನ್ಸ್ ಸರಿಯಾಗಿ ಮುಟ್ಟಿಲ್ಲಂದ್ರ ಗೊತ್ತಾದ ದಿನದಿಂದ 30 ದಿನ ಅಂತ. ಹಂಗs ಲೆಕ್ಕ ಹಾಕಿ ಅರ್ಜಿ ಕೊಟ್ರು, ಡಿಕ್ರೀ ರದ್ದಾತು. ಈ ಅಕ್ಕಾವ್ರಿಗೂ ಅದು ಬರ್ತದಲ್ರಿ? ಇವ್ರಿಗೂ ಗೊತ್ತs ಇರಲಿಲ್ಲ.


ಕರಿಕೋಟು
ಮಂಗಳವಾರ, ಬೆಳಗ್ಗೆ 8:10

ಇಲ್ಲ ಸರ್, ಇವರಿಗೆ ಬರುವುದಿಲ್ಲ. ನಿಮ್ಮ ಕಾಕಾ ಅವರದು 9ನೇ ಆದೇಶದ 13ನೇ ನಿಯಮ, ಕಾಲಮಿತಿ ಅನುಚ್ಛೇದ 123. ಸಮನ್ಸ್ ಕ್ರಮವಾಗಿ ಜಾರಿಯಾಗದಿದ್ದರೆ ಡಿಕ್ರಿ ವಿಷಯ ತಿಳಿದ ದಿನದಿಂದ ಲೆಕ್ಕ ಅಂತ ಅಲ್ಲಿ ಬರೆದೇ ಇದೆ. ಪ್ರತಿವಾದಿಯನ್ನು ಕೋರ್ಟಿಗೆ ಎಳೆದು ತಂದವರು ಬೇರೆಯವರು, ಅವನಿಗೆ ಗೊತ್ತಿಲ್ಲದೇ ಇರಬಹುದು. ವಾದಿ ತಾನಾಗಿ ಬಂದವನು. ಅವನ ಕೇಸಿನ ಮೇಲೆ ಅವನೇ ಕಣ್ಣಿಟ್ಟಿರಬೇಕು ಅಂತ ಕಾನೂನು ಭಾವಿಸುತ್ತೆ. 122ರಲ್ಲಿ ‘ತಿಳಿದ ದಿನ’ ಅನ್ನುವ ಮಾತೇ ಇಲ್ಲ. ಗೊತ್ತಿರಲಿಲ್ಲ ಅನ್ನುವುದನ್ನು 5ನೇ ಕಲಂ ಅರ್ಜಿಯಲ್ಲಿ ಹೇಳಿಕೊಳ್ಳಬೇಕು.


ಹಿತ್ತಲಗಿಡ
ಮಂಗಳವಾರ, ಮಧ್ಯಾಹ್ನ 1:30

ಕಾಪಿ ಅರ್ಜಿ ಹಾಕಿ ಬಂದೆ. ಎಲ್ಲರಿಗೂ ಥ್ಯಾಂಕ್ಸ್. ಎರಡು ಪ್ರಶ್ನೆ. ಪಾಯ ತೋಡೋದು ನಿಂತಿಲ್ಲ. ಕೇಸು ಮತ್ತೆ ಜೀವ ಬಂದರೆ ಹಳೇ ಸ್ಟೇ ತಾನಾಗಿ ಬರುತ್ತಾ? ಇನ್ನೊಂದು, ವಕೀಲರು ಬಂದಿಲ್ಲ ಅನ್ನೋದನ್ನ ಅಫಿಡವಿಟ್‌ನಲ್ಲಿ ನೇರವಾಗಿ ಬರೀಬಹುದಾ? ಬರೆದರೆ ನಮಗೇ ತೊಂದರೆಯಾ?


ಕರಿಕೋಟು
ಮಂಗಳವಾರ, ಸಂಜೆ 6:20

ಸ್ಟೇ ಬಗ್ಗೆ: ದಾವೆ ವಜಾ ಆದ ಕೂಡಲೇ ಅದರ ನೆರಳಿನಲ್ಲಿದ್ದ ಮಧ್ಯಂತರ ಆದೇಶವೂ ಹೋಗುತ್ತೆ. ದಾವೆ ಪುನರ್‌ಸ್ಥಾಪನೆ ಆದಾಗ, ಬೇರೆ ರೀತಿ ಹೇಳದಿದ್ದರೆ, ಆ ಆದೇಶಗಳೂ ಮತ್ತೆ ಜೀವ ಪಡೆಯುತ್ತವೆ ಅಂತ 2004ರ ವರೀದ್ ಜೇಕಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಬಹುಮತದಿಂದ ಹೇಳಿದೆ. ಆದರೆ ಅಲ್ಲಿವರೆಗೆ ಗೋಡೆ ಎದ್ದರೆ ಏನು ಮಾಡ್ತೀರಿ? ಅರ್ಜಿ ಬಾಕಿ ಇರುವಾಗ ಯಥಾಸ್ಥಿತಿ ಕಾಪಾಡಿ ಅಂತ ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಂ ಅಡಿ ಒಂದು ಐ.ಎ., ಅಂದರೆ ಮಧ್ಯಂತರ ಅರ್ಜಿ, ಹಾಕುವುದುಂಟು. ಕೊಡುವುದು ಬಿಡುವುದು ನ್ಯಾಯಾಧೀಶರ ವಿವೇಚನೆ. ಇವತ್ತಿನಿಂದಲೇ ದಿನಾಂಕ ಬರುವ ಹಾಗೆ ಫೋಟೋ ತೆಗೆದಿಡಿ.

ವಕೀಲರ ಬಗ್ಗೆ: ಬರೆಯಬಹುದು. 1981ರ ರಫೀಕ್ ಪ್ರಕರಣ ಇದಕ್ಕೆ ಆಧಾರ. ಕಕ್ಷಿದಾರ ವಕೀಲರನ್ನು ನೇಮಿಸಿ, ಫೀಸು ಕೊಟ್ಟು, ಕೈಲಾದದ್ದೆಲ್ಲ ಮಾಡಿ ನೆಮ್ಮದಿಯಾಗಿದ್ದಾನೆ. ವಕೀಲರು ಬರಲಿಲ್ಲ ಅಂತ ಆ ಅಮಾಯಕ ಯಾಕೆ ನರಳಬೇಕು ಅಂತ ಕೇಳಿ, ವಜಾ ಆಗಿದ್ದ ಮೇಲ್ಮನವಿಯನ್ನು ಸುಪ್ರೀಂ ಕೋರ್ಟ್ ಮತ್ತೆ ವಿಚಾರಣೆಗೆ ಕಳಿಸಿತು. ಇದನ್ನು ಎಲ್ಲರೂ ಹೇಳ್ತಾರೆ. 1993ರ ಸಲಿಲ್ ದತ್ತ ಪ್ರಕರಣವನ್ನು ಯಾರೂ ಹೇಳಲ್ಲ. ಅಲ್ಲಿ ಕಕ್ಷಿದಾರ ವ್ಯವಹಾರ ಬಲ್ಲ ಕಂಪನಿ. ಹಾಜರಾಗುವುದು ಬೇಡ ಅಂತ ವಕೀಲರು ಸಲಹೆ ಕೊಟ್ಟಿದ್ದರು ಅನ್ನುವ ನೆಪ. ಎಲ್ಲ ತಪ್ಪನ್ನೂ ವಕೀಲರ ಮೇಲೆ ಹಾಕಿ ಕಕ್ಷಿದಾರ ಕೈತೊಳೆದುಕೊಳ್ಳೋಕೆ ಆಗಲ್ಲ ಅಂತ ಅಲ್ಲಿ ಹೇಳಿದರು. ನಿಮ್ಮ ತಾಯಿಯವರು ಮೊದಲನೆಯ ಗುಂಪಿನವರು ಅಂತ ತೋರಿಸಬೇಕು. ಅದು ಹಿಂದಿನ ವಾಯಿದೆಗಳ ಆರ್ಡರ್ ಶೀಟ್‌ನಿಂದ ಗೊತ್ತಾಗುತ್ತೆ. ಕ್ಲರ್ಕ್ ಸಾರ್ ಹಳೆಯದನ್ನೂ ತೆಗೆಸಿ ಅಂದಿದ್ದು ಇದಕ್ಕೇ ಇರಬೇಕು.


ಹಳೇ ಬೆಂಚ್ ಕ್ಲರ್ಕ್
ಮಂಗಳವಾರ, ಸಂಜೆ 7:00

ಅದಕ್ಕೇ. ಇನ್ನೊಂದೂ ಇದೆ, ಕಾಪಿ ಬಂದ ಮೇಲೆ ಹೇಳ್ತೀನಿ.


ಎದುರುಪಕ್ಷ
ಮಂಗಳವಾರ, ರಾತ್ರಿ 8:45

ಎಲ್ಲರೂ ವಾದಿಯ ಕಣ್ಣೀರು ಒರೆಸ್ತಾ ಇದ್ದೀರಿ, ಇರಲಿ. ನಮ್ಮಪ್ಪ ಪ್ರತಿವಾದಿ. ಹನ್ನೊಂದು ವರ್ಷದ ಕೇಸು. ವಾದಿ ಎರಡು ಸಲ ಬರಲಿಲ್ಲ, ಎರಡು ಸಲ ವಜಾ, ಎರಡು ಸಲವೂ ‘ಸೂಕ್ತ ಕಾರಣ’ ಇದೆ ಅಂತ ವಾಪಸ್ ಬಂತು. ಒಮ್ಮೆ ಜ್ವರ, ಒಮ್ಮೆ ಸಂಬಂಧಿಕರ ಸಾವು. ಸಾವು ನಿಜ, ಜ್ವರ ದೇವರಿಗೇ ಗೊತ್ತು. ಪ್ರತಿ ಸಲವೂ ನಮ್ಮಪ್ಪ ಕೋಲೂರಿಕೊಂಡು ಕೋರ್ಟಿಗೆ ಹೋಗಿ, ಅವರು ಬಂದಿಲ್ಲ ಅಂತ ನೋಡಿಕೊಂಡು ವಾಪಸ್ ಬರ್ತಿದ್ದರು. ಮೂರಕ್ಕಿಂತ ಹೆಚ್ಚು ಮುಂದೂಡಿಕೆ ಕೊಡಬಾರದು ಅಂತ ಕಾನೂನೇ ಇದೆಯಂತಲ್ಲ? ಎಲ್ಲಿದೆ ಅದು?


ಕರಿಕೋಟು
ಮಂಗಳವಾರ, ರಾತ್ರಿ 9:30

ನಿಮ್ಮ ಸಿಟ್ಟು ನ್ಯಾಯವಾದದ್ದೇ. ಸಿವಿಲ್ ಪ್ರಕ್ರಿಯಾ ಸಂಹಿತೆಯ 17ನೇ ಆದೇಶದ 1ನೇ ನಿಯಮದಲ್ಲಿ ಒಬ್ಬ ಕಕ್ಷಿದಾರನಿಗೆ ಮೂರಕ್ಕಿಂತ ಹೆಚ್ಚು ಮುಂದೂಡಿಕೆ ಇಲ್ಲ ಅಂತ ಇದೆ, 2002ರಿಂದ ಜಾರಿಯಲ್ಲಿದೆ. ಆದರೆ 2005ರಲ್ಲಿ ಸೇಲಂ ವಕೀಲರ ಸಂಘದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಕಕ್ಷಿದಾರನ ಕೈಮೀರಿದ ಪರಿಸ್ಥಿತಿಯಲ್ಲಿ ನ್ಯಾಯಾಲಯದ ಕೈ ಪೂರ್ತಿ ಕಟ್ಟಿಲ್ಲ ಅಂದಿತು. ಆ ಕಿಂಡಿಯಿಂದ ಏನೆಲ್ಲ ನುಗ್ಗಿತು ಅನ್ನೋದು ನಿಮ್ಮ ತಂದೆಯವರಿಗೆ ನನಗಿಂತ ಚೆನ್ನಾಗಿ ಗೊತ್ತು.

ಇನ್ನೂ ಒಂದು, ನಿಮಗೆ ಹಿಡಿಸದ ಮಾತು. ರೆಸ್ಟೋರೇಷನ್ ಕೇಳಿದಾಗ ಕೋರ್ಟು ನೋಡಬೇಕಾದ್ದು ವಜಾ ಆದ ಆ ದಿನದ ಗೈರಿಗೆ ಕಾರಣ ಇತ್ತೇ ಅಂತ. ಹಿಂದಿನ ಸೋಮಾರಿತನವನ್ನು ಅಂದಿನ ಲೆಕ್ಕಕ್ಕೆ ಹಿಡಿಯಬಾರದು ಅಂತ 2000ನೇ ಇಸವಿಯ ಜಿ.ಪಿ. ಶ್ರೀವಾಸ್ತವ ತೀರ್ಪು ಹೇಳುತ್ತೆ. ಅದು ಎಕ್ಸ್‌ಪಾರ್ಟೆ ಡಿಕ್ರಿಯ ಸಂದರ್ಭದಲ್ಲಿ ಬಂದದ್ದು, ಆದರೆ ‘ಸೂಕ್ತ ಕಾರಣ’ ಅನ್ನುವ ಮಾತು ಎರಡೂ ಕಡೆ ಒಂದೇ. ಆದ್ದರಿಂದ ನೀವು ವಿರೋಧಿಸುವಾಗ ‘ಇವರು ಯಾವಾಗಲೂ ಹೀಗೆ’ ಅನ್ನುವುದಕ್ಕಿಂತ ‘ಅಂದು ಇವರಿಗೆ ಜ್ವರ ಇರಲಿಲ್ಲ’ ಅನ್ನುವುದಕ್ಕೆ ಸಾಕ್ಷಿ ತನ್ನಿ. ಜೊತೆಗೆ ಖರ್ಚು ಕೇಳಿ. ಖರ್ಚಿನ ವಿಷಯದಲ್ಲಿ ಷರತ್ತು ಹಾಕಿ ವಜಾ ರದ್ದು ಮಾಡುವ ಅಧಿಕಾರ 9ನೇ ಆದೇಶದ 9ನೇ ನಿಯಮದಲ್ಲೇ ಇದೆ. ನಿಮಗೆ ನೋಟಿಸ್ ಕೊಡದೆ ರೆಸ್ಟೋರ್ ಮಾಡುವ ಹಾಗೂ ಇಲ್ಲ.


ಎದುರುಪಕ್ಷ
ಮಂಗಳವಾರ, ರಾತ್ರಿ 9:48

ಖರ್ಚು ಕೊಡಿಸಿದ್ದರು ಒಮ್ಮೆ. ಅಪ್ಪ ಆಟೋಗೆ ಕೊಟ್ಟಿದ್ದೂ ವಾಪಸ್ ಬರಲಿಲ್ಲ. ಸರಿ, ಸಾಕ್ಷಿ ವಿಷಯ ನೆನಪಿಟ್ಟುಕೊಳ್ತೀನಿ.


ಮೂವರಲ್ಲಿ ಒಬ್ಬ
ಬುಧವಾರ, ಬೆಳಗ್ಗೆ 10:15

ಮಧ್ಯೆ ಬರ್ತಿದ್ದೀನಿ, ಕ್ಷಮಿಸಿ. ನಾವು ಮೂವರು ಅಣ್ಣತಮ್ಮಂದಿರು ವಾದಿಗಳು. ಇದನ್ನೆಲ್ಲ ಓದಿ ಹೆದರಿಕೆ ಆಯ್ತು. ಪ್ರತಿ ವಾಯಿದೆಗೂ ಮೂವರೂ ಹೋಗಲೇಬೇಕಾ?


ಹಳೇ ಬೆಂಚ್ ಕ್ಲರ್ಕ್
ಬುಧವಾರ, ಬೆಳಗ್ಗೆ 10:40

ಬೇಡಪ್ಪ. ವಕಾಲತ್ತು ಹಾಕಿದ ವಕೀಲರು ನಿಂತರೆ ನೀವು ಹಾಜರಾದ ಹಾಗೇ, ಖುದ್ದಾಗಿ ಬರಬೇಕು ಅಂತ ಕೋರ್ಟು ಹೇಳಿದ್ದರೆ ಮಾತ್ರ ಬೇರೆ. ವಾದಿಗಳಲ್ಲಿ ಒಬ್ಬನೇ ಬಂದರೂ ಎಲ್ಲರೂ ಬಂದ ಹಾಗೆ ಮುಂದುವರಿಸಲು 9ನೇ ಆದೇಶದ 10ನೇ ನಿಯಮ ಅವಕಾಶ ಕೊಡುತ್ತೆ. ಹೆದರಬೇಕಾದ್ದು ಬೇರೆ. ನಿಮಗೂ ವಕೀಲರಿಗೂ ಮನಸ್ತಾಪವಾಗಿ, ಅವರು ಎದ್ದು ‘ನನಗೆ ಕಕ್ಷಿದಾರರಿಂದ ಸೂಚನೆ ಇಲ್ಲ’ ಅಂತ ಮೆಮೊ ಹಾಕಿ ಹೊರಟುಬಿಟ್ಟರೆ, ಆಮೇಲೆ ಕೂಗಿದಾಗ ನಿಮ್ಮ ಪರ ಯಾರೂ ಇಲ್ಲದ ಹಾಗಾಗುತ್ತೆ. ಫೀಸು ಬಾಕಿ ಇಟ್ಟು ಫೋನ್ ಎತ್ತದೇ ಇರುವವರಿಗೆ ಇದು ಆಗೋದನ್ನ ಕಣ್ಣಾರೆ ಕಂಡಿದ್ದೀನಿ.


ಬೌನ್ಸ್ ಆದ ಚೆಕ್ಕು
ಬುಧವಾರ, ಮಧ್ಯಾಹ್ನ 3:00

ನನ್ನ ಹೆಸರೇ ಹೇಳುತ್ತೆ ನನ್ನ ಕಷ್ಟ. ಚೆಕ್ ಬೌನ್ಸ್ ಆಗಿದ್ದಕ್ಕೆ 138ನೇ ಕಲಂನ ಕೇಸು ಹಾಕಿದ್ದೆ. ಒಂದು ದಿನ ಹೋಗೋಕೆ ಆಗಲಿಲ್ಲ. ಮುಂದಿನ ವಾಯಿದೆ ಕೇಳೋಕೆ ಹೋದರೆ ‘ಆರೋಪಿ ಖುಲಾಸೆ’ ಅಂತಿದ್ದಾರೆ! ನಾನೂ 30 ದಿನದೊಳಗೆ ರೆಸ್ಟೋರೇಷನ್ ಹಾಕಿದರೆ ಆಯ್ತಾ?


ಕರಿಕೋಟು
ಬುಧವಾರ, ಸಂಜೆ 5:50

ಇಲ್ಲ. ದಯವಿಟ್ಟು ಅದೇ ಕೋರ್ಟಿಗೆ ರೆಸ್ಟೋರೇಷನ್ ಹಾಕಿ ದಿನ ಕಳೆಯಬೇಡಿ. ಸಿವಿಲ್‌ನಲ್ಲಿ ಬಿದ್ದ ಕೇಸನ್ನು ಬೀಳಿಸಿದ ಕೋರ್ಟೇ ಎತ್ತಿ ನಿಲ್ಲಿಸಬಹುದು. ಕ್ರಿಮಿನಲ್‌ನಲ್ಲಿ ಮ್ಯಾಜಿಸ್ಟ್ರೇಟರಿಗೆ ಆ ಅಧಿಕಾರ ಇಲ್ಲ, 1986ರಲ್ಲೇ ಗೌರಾಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ. ಚೆಕ್ ಕೇಸು ಸಮನ್ಸ್ ಕೇಸಿನ ರೀತಿ ನಡೆಯುವಂಥದ್ದು, ದೂರುದಾರ ಬರದಿದ್ದರೆ ಖುಲಾಸೆ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ 256ನೇ ಕಲಂ, 2024ರ ಜುಲೈ 1ರಿಂದ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 279. ಹೊಸದರಲ್ಲಿ ಒಂದು ಒಳ್ಳೆಯದಾಗಿದೆ: ದೂರುದಾರನಿಗೆ ಹಾಜರಾಗಲು 30 ದಿನ ಸಮಯ ಕೊಟ್ಟ ಮೇಲೆ ಖುಲಾಸೆ ಮಾಡಬೇಕು. ನಿಮಗೆ ಅದು ಕೊಟ್ಟಿದ್ದರಾ ನೋಡಿ.

ಖುಲಾಸೆ ಅಂದ ಮೇಲೆ ದಾರಿ ಮೇಲ್ಮನವಿ. ಮೊದಲು ಹೈಕೋರ್ಟಿನ ವಿಶೇಷ ಅನುಮತಿ ಬೇಕಿತ್ತು. ಚೆಕ್ ಕೇಸಿನ ದೂರುದಾರನೂ ‘ಸಂತ್ರಸ್ತ’ನೇ, ಅನುಮತಿ ಇಲ್ಲದೆಯೂ ಮೇಲ್ಮನವಿ ಹಾಕಬಹುದು ಅಂತ 2025ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಮೇಲ್ಮನವಿಯಲ್ಲಿ ಹೇಳಬೇಕಾದ್ದು ಒಂದಿದೆ. ಅಂದು ನಿಮ್ಮ ಹಾಜರಿಯಿಂದ ಕೇಸಿಗೆ ಏನಾದರೂ ಆಗಬೇಕಿತ್ತೇ? ನಿಮ್ಮ ಸಾಕ್ಷ್ಯ ಮುಗಿದು, ಬೇರೆ ಏನಕ್ಕೋ ಇಟ್ಟಿದ್ದರೆ, ಗೈರಾದ ಮಾತ್ರಕ್ಕೆ ಖುಲಾಸೆ ಮಾಡಬಾರದು ಅಂತ 1998ರ ಅಸೋಸಿಯೇಟೆಡ್ ಸಿಮೆಂಟ್ ತೀರ್ಪು ಇದೆ.

ಇನ್ನೊಂದು ವಿಚಿತ್ರ ಕೇಳಿ. ಶಿಕ್ಷೆಯಾದವನು ಹಾಕಿದ ಕ್ರಿಮಿನಲ್ ಅಪೀಲನ್ನು, ವಿಚಾರಣೆಗೆ ಅಂಗೀಕರಿಸಿದ ಮೇಲೆ, ಅವನು ಬರಲಿಲ್ಲ ಅಂತ ವಜಾ ಮಾಡುವ ಹಾಗೇ ಇಲ್ಲ. ದಾಖಲೆ ಓದಿ ತೀರ್ಮಾನಿಸಲೇಬೇಕು, 1996ರ ಬಾನಿ ಸಿಂಗ್ ಪ್ರಕರಣ. ಸಿವಿಲ್ ಅಪೀಲಿನಲ್ಲಿ ಇದು ತಿರುಗಾಮುರುಗಾ: ಬರದಿದ್ದರೆ ವಜಾ ಮಾಡಬಹುದು, ಆದರೆ ಮೆರಿಟ್ ಮೇಲೆ ವಜಾ ಮಾಡುವ ಹಾಗಿಲ್ಲ.


ಬೌನ್ಸ್ ಆದ ಚೆಕ್ಕು
ಬುಧವಾರ, ಸಂಜೆ 6:05

30 ದಿನ ಗಿನ ಏನೂ ಕೊಟ್ಟಿಲ್ಲ ಮೇಡಂ. ನಾಳೆನೇ ಕಾಪಿ ತೆಗೆಸ್ತೀನಿ.


ಹಿತ್ತಲಗಿಡ
ಶುಕ್ರವಾರ, ಸಂಜೆ 7:30

ಕಾಪಿ ಸಿಕ್ಕಿತು. ವಜಾ ಆದ ದಿನ ಹೀಗಿದೆ: ‘ಪದೇಪದೇ ಕೂಗಿಸಿದರೂ ವಾದಿ ಗೈರು. ವಾದಿ ಪರ ವಕೀಲರೂ ಗೈರು. ಪ್ರತಿವಾದಿ ಪರ ವಕೀಲರು ಹಾಜರು. 3:30ಕ್ಕೆ ಮತ್ತೆ ಕೂಗಿಸಲಾಯಿತು. ಪ್ರಾತಿನಿಧ್ಯವಿಲ್ಲ. ದಾವೆ ವಜಾ.’

ಅಂದರೆ 8ನೇ ನಿಯಮ, ಅಲ್ವಾ? ಹೊಸ ದಾವೆ ಹಾಕಿದ್ದರೆ ಕೋರ್ಟ್ ಫೀಯೂ ಹೋಗ್ತಿತ್ತು, ದಿನವೂ ಹೋಗ್ತಿತ್ತು. ಓದುವಾಗ ಕೈ ನಡುಗಿತು.

ಹಿಂದಿನ ಹಾಳೆಗಳನ್ನೂ ನೋಡಿದೆ. ಅಮ್ಮ ಅಥವಾ ವಕೀಲರು ಎಲ್ಲ ದಿನವೂ ಬಂದಿದ್ದಾರೆ. ಕೊನೆಯ ವಾಯಿದೆಯ ಹಿಂದಿನದರಲ್ಲಿ ‘ಪೀಠಾಸೀನಾಧಿಕಾರಿ ರಜೆಯಲ್ಲಿದ್ದಾರೆ, ಪ್ರತಿವಾದಿ ಸಾಕ್ಷ್ಯಕ್ಕೆ 21ಕ್ಕೆ’ ಅಂತ ಇದೆ. ಆದರೆ ಅಮ್ಮನ ಹತ್ತಿರ ಇರುವ ಚೀಟಿಯಲ್ಲಿ, ವಕೀಲರ ಜೂನಿಯರ್ ಬರೆದುಕೊಟ್ಟಿದ್ದು, 27 ಅಂತ ಇದೆ! 27ಕ್ಕೆ ಅಮ್ಮ ಕೋರ್ಟಿಗೆ ಹೋಗಿದ್ದಾರೆ ಕೂಡ. ಪಟ್ಟಿಯಲ್ಲಿ ನಂಬರ್ ಕಾಣದೆ, ಜೂನಿಯರ್‌ಗೆ ಫೋನ್ ಮಾಡಿ, ‘ನಾನು ನೋಡಿ ಹೇಳ್ತೀನಿ ಅಮ್ಮ’ ಅಂದಿದ್ದನ್ನು ನಂಬಿ ವಾಪಸ್ ಬಂದಿದ್ದಾರೆ. ಇದನ್ನ ನನಗೆ ಹೇಳಿಯೇ ಇರಲಿಲ್ಲ.


ಹಳೇ ಬೆಂಚ್ ಕ್ಲರ್ಕ್
ಶುಕ್ರವಾರ, ರಾತ್ರಿ 8:00

ಇದೇ ನಾನು ಹೇಳದೆ ಉಳಿಸಿಕೊಂಡಿದ್ದ ಮಾತು. ಸಾಹೇಬರು ರಜೆ ಇದ್ದ ದಿನ ಬೆಂಚ್ ಕ್ಲರ್ಕೇ ಸಾಲಾಗಿ ವಾಯಿದೆ ಕೊಟ್ಟುಬಿಡ್ತಾನೆ. ಜೂನಿಯರ್‌ಗಳು ಮೇಜಿನ ಸುತ್ತ ಮುತ್ತಿಕೊಂಡಿರ್ತಾರೆ, ಗದ್ದಲ ಬೇರೆ. 21 ಅಂದಿದ್ದು 27 ಆಗುತ್ತೆ, 13 ಅಂದಿದ್ದು 30 ಆಗುತ್ತೆ. ನನ್ನ ಮೇಜಿನ ಮುಂದೆಯೂ ಆಗಿದೆ, ಸುಳ್ಳು ಯಾಕೆ ಹೇಳಲಿ. ಆ ಚೀಟಿ ಎಲ್ಲಿದೆ? ಅದನ್ನು ಲ್ಯಾಮಿನೇಷನ್ ಗೀಮಿನೇಷನ್ ಮಾಡಿಸಬೇಡಿ, ಇದ್ದ ಹಾಗೆ ಇಡಿ. ತಾಯಿಯವರ ಫೋನಿನಲ್ಲಿ 27ರ ಕರೆಯ ವಿವರ ಇದ್ದರೆ ಅದೂ ಬೇಕು.


ನೇರ ಮಾತು
ಶುಕ್ರವಾರ, ರಾತ್ರಿ 8:12

ಶಾಮೀಲು ಅಂದಿದ್ದು ತಪ್ಪಾಯ್ತು, ಬರೀ ಬೇಜವಾಬ್ದಾರಿ. ಆದರೂ ತನ್ನ ತಪ್ಪು ಮುಚ್ಚೋಕೆ ‘ಹೊಸ ದಾವೆ ಹಾಕೋಣ’ ಅಂದನಲ್ಲ, ಅದಕ್ಕೇನಂತೀರಿ ಕರಿಕೋಟು ಮೇಡಂ?


ಕರಿಕೋಟು
ಶುಕ್ರವಾರ, ರಾತ್ರಿ 9:05

ಅದಕ್ಕೆ ನನ್ನ ಹತ್ತಿರ ಸಮರ್ಥನೆ ಇಲ್ಲ. ಆರ್ಡರ್ ಶೀಟ್ ನೋಡದೆ ಆ ಸಲಹೆ ಕೊಟ್ಟದ್ದು ತಪ್ಪು, ನೋಡಿ ಕೊಟ್ಟಿದ್ದರೆ ಇನ್ನೂ ದೊಡ್ಡ ತಪ್ಪು.

ಹಿತ್ತಲಗಿಡ ಮೇಡಂ, ಈಗ ನಿಮ್ಮ ಅರ್ಜಿಗೆ ಬೆನ್ನೆಲುಬು ಬಂತು. ಆ ದಿನದ ಗೈರಿಗೆ ಕಾರಣ ಚೀಟಿಯ 27. ನಂತರದ ವಿಳಂಬಕ್ಕೆ ಕಾರಣ 27ರಂದು ಹೋಗಿ ವಿಚಾರಿಸಿ, ಅವರ ಮಾತು ನಂಬಿದ್ದು. ಜೂನಿಯರ್ ಅವರಿಂದ ಒಂದು ಅಫಿಡವಿಟ್, ಅವರ ಡೈರಿಯ ಆ ಪುಟ. ಗಟ್ಟಿ ಧ್ವನಿಯಲ್ಲಿ ಕೇಳಬೇಡಿ, ಕೇಳುವಾಗ ತಾಯಿಯವರನ್ನು ಕರೆದುಕೊಂಡು ಹೋಗಿ. ಅವರು ಕೊಡಲ್ಲ ಅಂದರೆ ತಾಯಿಯವರ ಅಫಿಡವಿಟ್ ಜೊತೆ ಚೀಟಿಯನ್ನೇ ಹಾಕಿ, ಬೇರೆ ವಕೀಲರ ಮೂಲಕ. ಅರ್ಜಿ ತಿರಸ್ಕಾರ ಆದರೂ 43ನೇ ಆದೇಶದ 1(ಸಿ) ಅಡಿ ಮೇಲ್ಮನವಿ ಇದೆ, ಅದನ್ನು ಆಗ ನೋಡೋಣ.

ಪ್ರತಿವಾದಿ ಸಾಕ್ಷ್ಯದ ಹಂತ ಅಂತ ಬರೆದಿದೆಯಲ್ಲ, ಅದನ್ನೂ ಎತ್ತಿ ಹೇಳಿಸಿ. ಅಂದು ಸಾಕ್ಷಿ ಹಾಜರುಪಡಿಸಬೇಕಾದ ಸರದಿ ಎದುರಿನವರದು. ಒಬ್ಬ ಕಕ್ಷಿದಾರನ ಸಾಕ್ಷ್ಯ ಬಹುಪಾಲು ದಾಖಲಾದ ಮೇಲೆ ಅವನು ಬರದಿದ್ದರೆ, ಇದ್ದಾನೆ ಅಂತಲೇ ಭಾವಿಸಿ ಮುಂದುವರಿಯಲು 17ನೇ ಆದೇಶದ 2ನೇ ನಿಯಮದ ವಿವರಣೆ ಅವಕಾಶ ಕೊಡುತ್ತೆ. ಕಡ್ಡಾಯ ಅಲ್ಲ, ಆದರೆ ಕಿವಿಗೆ ಹಾಕಬೇಕಾದ ಮಾತು.


ಹಿತ್ತಲಗಿಡ
ಮುಂದಿನ ಬುಧವಾರ, ರಾತ್ರಿ 8:50

ಅಪ್‌ಡೇಟ್. ಅಮ್ಮನೇ ಮಾತಾಡಿದರು. ‘ನಿನ್ನ ಕೈಬರಹ ತಾನೇ ಮಗಾ?’ ಅಂತ ಚೀಟಿ ತೋರಿಸಿದರು, ಅಷ್ಟೇ. ಆ ಹುಡುಗ ಅಲ್ಲೇ ಅಫಿಡವಿಟ್ ಕೊಡ್ತೀನಿ ಅಂದ. ಹಿರಿಯ ವಕೀಲರು ಹತ್ತು ನಿಮಿಷ ಏನೂ ಮಾತಾಡದೆ, ಆಮೇಲೆ ರೆಸ್ಟೋರೇಷನ್‌ಗೆ ತಮ್ಮ ಫೀಸು ಬೇಡ ಅಂದರು. ಆದರೂ ಬೇರೆ ವಕೀಲರ ಮೂಲಕವೇ ಹಾಕಿದೆವು, ಇವರೇ ಅಭ್ಯಂತರವಿಲ್ಲ ಅಂತ ಸಹಿ ಮಾಡಿಕೊಟ್ಟರು. ಇವತ್ತು ಅರ್ಜಿ ಸಲ್ಲಿಕೆ ಆಯಿತು, ಅಷ್ಟರಲ್ಲಿ ವಿಳಂಬ 53 ದಿನಕ್ಕೆ ಏರಿತ್ತು. ಯಥಾಸ್ಥಿತಿ ಐ.ಎ. ಕೂಡ ಹಾಕಿದ್ದೇವೆ, ಪಾಯದ ಫೋಟೋಗಳ ಜೊತೆ. ಇವತ್ತೇ ಏನೂ ಕೊಡಲಿಲ್ಲ. ಎದುರಿನವರಿಗೆ ತುರ್ತು ನೋಟಿಸ್ ಅಂತ ಆದೇಶ.

ಒಂದು ಗೊಂದಲ. ಆಪ್‌ನಲ್ಲಿ ನೋಡಿದರೆ ಇನ್ನೂ ‘ವಜಾ’ ಅಂತಲೇ ತೋರಿಸ್ತಿದೆ, ಮುಂದಿನ ದಿನಾಂಕವೇ ಇಲ್ಲ. ಅರ್ಜಿ ದಾಖಲಾಗಿಲ್ವಾ?


ಹಳೇ ಬೆಂಚ್ ಕ್ಲರ್ಕ್
ಬುಧವಾರ, ರಾತ್ರಿ 9:10

ಹಳೇ ದಾವೆಯ ನಂಬರ್ ಹಾಕಿ ನೋಡ್ತಿದ್ದೀರಿ ಅಂತ ಕಾಣುತ್ತೆ. ರೆಸ್ಟೋರೇಷನ್ ಅರ್ಜಿಗೆ ಮಿಸ್ಲೇನಿಯಸ್ ಅಂತ ಬೇರೆ ನಂಬರ್ ಬೀಳುತ್ತೆ, ಅದಕ್ಕೆ ಬೇರೆಯದೇ 16 ಅಂಕಿ-ಅಕ್ಷರದ ಸಿಎನ್‌ಆರ್, ಅಂದರೆ ಆಪ್‌ನಲ್ಲಿ ಕೇಸು ಹುಡುಕೋ ನಂಬರ್, ಇರುತ್ತೆ. ಫೈಲಿಂಗ್ ಕೌಂಟರ್‌ನಲ್ಲಿ ಕೊಟ್ಟ ಸ್ವೀಕೃತಿ ನೋಡಿ. ದಿನಾಂಕವನ್ನು ಚೀಟಿಯಿಂದ ಬರೆದುಕೊಳ್ಳಬೇಡಿ.


ಹಿತ್ತಲಗಿಡ
ಬುಧವಾರ, ರಾತ್ರಿ 9:25

ಹೌದು ಸಾರ್, ಹಳೆಯದನ್ನೇ ನೋಡ್ತಾ ಕೂತಿದ್ದೆ! ಹೊಸದರಲ್ಲಿ ಬಂತು. 18ಕ್ಕೆ ಇದೆ. ಅಮ್ಮನೂ ತಮ್ಮ ಕನ್ನಡಕ ಹಾಕಿಕೊಂಡು ಸ್ಕ್ರೀನ್ ನೋಡಿದರು, ‘ಹದಿನೆಂಟೇ ತಾನೇ, ಹದಿಮೂರಲ್ಲವಲ್ಲ’ ಅಂತ ಎರಡು ಸಲ ಕೇಳಿದರು.